ಬಿಳಿ ಗ್ಲೌಸು

ಪೀಣ್ಯದ ಆ ಶೆಡ್ಡಿನಲ್ಲಿ ಲೇತ್ ಮಷೀನ್ ನಿಲ್ಲಿಸಲು ಹೇಳಿದ್ದು ನಾನು ಎಂದು ಎರಡು ವರ್ಷ ಹೇಳಿಕೊಂಡು ಬಂದೆ. ಹೇಳುವಾಗ ಸುಳ್ಳು ಅನ್ನಿಸಿರಲಿಲ್ಲ.

ಕಬ್ಬಿಣ ಕಡೆಯುವವರ ಕೆಲಸದ ಮೇಲೆ ಸಾಕ್ಷ್ಯಚಿತ್ರ ಮಾಡುತ್ತಿದ್ದೆವು. ನಿರ್ದೇಶಕ ನಾನು, ಎಂ.ಎ. ಓದಿದವನು. ಕ್ಯಾಮೆರಾ ಹಿಡಿದ ಗೆಳೆಯ ಐಟಿಐ ಮುಗಿಸಿ, ದಾಸರಹಳ್ಳಿಯಲ್ಲಿ ರೂಮು ಮಾಡಿಕೊಂಡು ನಾಲ್ಕು ವರ್ಷ ಲೇತ್ ನಡೆಸಿದವನು. ನಾನು ಓದಿ ತಯಾರಿಸಿದ ಪ್ರಶ್ನೆಗಳಿಗೆಲ್ಲ ಶೆಡ್ಡಿನ ಲೇತ್ ಆಪರೇಟರ್ "ಹೌದ್ರಿ ಸರ್" ಎಂದಷ್ಟೇ ಹೇಳುತ್ತಿದ್ದ. ಉದುರುವ ಕಬ್ಬಿಣದ ಚೂರು ಕಾವಿಗೆ ನೀಲಿಯಾದದ್ದು ಕಂಡು ಗೆಳೆಯ "ಸ್ಪೀಡ್ ಜಾಸ್ತಿ ಆಯ್ತಾ ಅಣ್ಣ?" ಎಂದರೆ ಸಾಕು, ರಾಯಚೂರಿನ ಆ ಮನುಷ್ಯ ಅರ್ಧ ಗಂಟೆ ಮಾತಾಡುತ್ತಿದ್ದ. ನಾನು ನೋಟ್‌ಬುಕ್ ಹಿಡಿದು ಪಕ್ಕದಲ್ಲಿ ನಿಂತಿರುತ್ತಿದ್ದೆ.

ಅವತ್ತು ಶೂಟಿಂಗ್ ಅಂತ ಮಾಲೀಕರು ಎಲ್ಲರಿಗೂ ಹೊಸ ಬಿಳಿ ಗ್ಲೌಸು ಹಂಚಿದ್ದರು. ಆಪರೇಟರ್ ಅದನ್ನು ಹಾಕಿಕೊಂಡೇ ಲೇತ್ ಶುರು ಮಾಡಿದ. ತಿರುಗುವ ಕಬ್ಬಿಣಕ್ಕೆ ಒಂದೆಳೆ ನೂಲು ಸಿಕ್ಕಿದರೂ ಇಡೀ ಕೈಯನ್ನು ಎಳೆದುಕೊಳ್ಳುತ್ತದೆ. ತಕ್ಷಣ ನಿಲ್ಲಿಸಿ, ಗ್ಲೌಸು ಬಿಚ್ಚಿಸಿದ್ದಾಯಿತು.

"ನನಗೂ ಗೊತ್ತಿತ್ರಿ. ಪಿಚ್ಚರಿಗೆ ಬೇಕೇನೋ ಅಂತ ಹಾಕ್ಕೊಂಡೆ," ಎಂದು ಆಪರೇಟರ್ ನಕ್ಕ. ಆಮೇಲೆ ಚಹಾ ಹಿಡಿದು ಗೆಳೆಯನ ಪಕ್ಕ ನೆಲದ ಮೇಲೆ ಕೂತ. "ಇವ್ರು ನಮ್ಮವ್ರು ಬಿಡ್ರಿ." ನನಗೆ ಮಾತ್ರ ಕುರ್ಚಿ ತರಿಸಿದ.

ನಿಲ್ಲಿಸಿ ಎಂದವರು ಯಾರು? ಮೊದಮೊದಲು "ನಾವು" ಎನ್ನುತ್ತಿದ್ದೆ. ಯಾವಾಗಲೋ ಅದು "ನಾನು" ಆಯಿತು. ಕಳೆದ ತಿಂಗಳು ಕಾಲೇಜೊಂದರಲ್ಲಿ ಚಿತ್ರ ತೋರಿಸಿದಾಗಲೂ ಹಾಗೇ ಹೇಳಿದೆ. ಚಪ್ಪಾಳೆ ಬಿತ್ತು. ಗೆಳೆಯ ಕೊನೆಯ ಸಾಲಿನಲ್ಲಿ ಕೂತಿದ್ದದ್ದು ಆಮೇಲೆ ಕಂಡಿತು. ಅವನೂ ಚಪ್ಪಾಳೆ ತಟ್ಟುತ್ತಿದ್ದ.

ಮನೆಗೆ ಬಂದವನೇ ಹಳೆಯ ಹಾರ್ಡ್ ಡಿಸ್ಕ್ ಹುಡುಕಿ, ಎಡಿಟ್ ಮಾಡದ ಆ ದೃಶ್ಯ ಹಾಕಿದೆ. ಮೊದಲು ಅವನ ದನಿ: "ಅಣ್ಣಾ, ಆಫ್ ಮಾಡಿ! ಗ್ಲೌಸ್ ಬಿಚ್ಚಿ ಫಸ್ಟು." ಅದರ ಹಿಂದೆಯೇ ನನ್ನದು: "ಇರ್ಲಿ ಬಿಡೋ ಮಗಾ, ಬಿಳಿ ಕೈ ಸಕ್ಕತ್ತಾಗಿ ಕಾಣ್ತಿದೆ. ಒಂದು ಶಾಟ್ ಅಷ್ಟೇ."

ಮೂರು ಸಲ ಕೇಳಿದೆ, ಬೇರೆ ಯಾರದಾದರೂ ದನಿಯೇನೋ ಎಂದು. ಅಲ್ಲ. ಕ್ಲಿಪ್ಪನ್ನು ಗೆಳೆಯನಿಗೆ ಕಳಿಸಿ, "ನಿನಗೆ ನೆನಪಿತ್ತಾ?" ಎಂದು ಕೇಳಿದೆ.

"ಇಲ್ದೆ ಏನ್ ಗುರು? ಎಡಿಟಿಂಗಲ್ಲಿ ನಿನ್ನ ಮಾತು ತೆಗೆದಿದ್ದು ನಾನೇ ಅಲ್ವಾ."

ಜೊತೆಗೆ ತನ್ನ ಮಾತನ್ನೂ ತೆಗೆದುಹಾಕಿದ್ದ. ಥ್ಯಾಂಕ್ಸ್ ಎಂದು ಟೈಪ್ ಮಾಡಿ ಅಳಿಸಿದೆ. ಈ ದೊಡ್ಡತನವೂ ಅವನ ಪಾಲಿಗೇ ಹೋಯಿತಲ್ಲ ಎಂದು ಹೊಟ್ಟೆ ಉರಿಯುತ್ತಿತ್ತು.