ಮಹಾನಂದಾಳ ಪರಿಚಯ ಪತ್ರ

ಮಹಾನಂದಾ ಗುಡೂರಿನವಳು. ಮದುವೆಯಾಗಿ ಇಳಕಲ್ಲಿಗೆ ಬಂದ ಮೇಲೆ ಮೂವತ್ತೆರಡು ವರ್ಷ ಒಂದೇ ಕೆಲಸ ಮಾಡಿದ್ದಾಳೆ. ಸೀರೆಯ ಒಡಲಿನ ಎಳೆಗೆ ಸೆರಗಿನ ಎಳೆಯನ್ನು ಕೊಂಡಿ ಹಾಕಿ ಜೋಡಿಸುವ ಕೆಲಸ ಅದು. ಸ್ವಂತ ಮಗ್ಗವಿಲ್ಲ, ಕರೆದವರ ಮನೆಗೆ ಹೋಗುತ್ತಾಳೆ. ಇಷ್ಟನ್ನು ಬರೆಯಬೇಕಾದ ದಿನ ಬರೆಯಲಿಲ್ಲ, ಈಗ ಬರೆಯುತ್ತಿದ್ದೇನೆ.

ಹೋದ ವರ್ಷ ನಮ್ಮ ಓಣಿಯ ನೇಕಾರರು ನಾಲ್ವರಿಗೆ ಸನ್ಮಾನ ಇಟ್ಟುಕೊಂಡರು. ಮಹಾನಂದಾಳೂ ಅವರಲ್ಲಿ ಒಬ್ಬಳು. ಪರಿಚಯ ಬರೆದು ಓದುವ ಹೊಣೆ ನನ್ನದು. ನಾನು ನಿವೃತ್ತ ಕನ್ನಡ ಮಾಸ್ತರ. ‘ಗೆರೆ ಎಳೆದ ಪದಕ್ಕೆ ಸಮಾನಾರ್ಥಕ ಪದ ಬರೆಯಿರಿ’ ಎಂದು ಜೀವನವಿಡೀ ಮಕ್ಕಳ ತಲೆ ತಿಂದವನು.

ಅವಳ ಮನೆಗೆ ಹೋಗಿ ಕೇಳಿದೆ.

“ಮಂದಿ ಮನ್ಯಾಗ ಕೂಲಿ ಮಾಡೀನ್ರಿ ಮಾಸ್ತರ. ಬೆನ್ನು ಹೋಗೇತಿ, ಕಣ್ಣು ಮಂಜಾಗ್ಯಾವು. ಆದ್ರ ನಾ ಹಾಕಿದ ಕೊಂಡಿ ಇವತ್ತಿನ ತನಕ ಒಂದೂ ಬಿಚ್ಚಿಲ್ಲ. ಅದೊಂದು ತಪ್ಪದ ಬರೀರಿ” ಎಂದಳು.

ಮನೆಗೆ ಬಂದು ಪೆನ್ನು ಹಿಡಿದೆ. ‘ಕೂಲಿ’ ಸಭೆಗೆ ಶೋಭಿಸದೆಂದು ‘ಕಲಾರಾಧನೆ’ ಮಾಡಿದೆ. ‘ಮಂದಿ ಮನೆ’ ಹೋಗಿ ‘ನೇಯ್ಗೆಯ ಅಂಗಳ’ ಬಂತು. ‘ಕೊಂಡಿ’ಯ ಜಾಗದಲ್ಲಿ ‘ತಂತು ಸಂಯೋಜನೆ’ ಕೂರಿಸಿದೆ. ಹೆಂಡತಿ ತೂಕಡಿಸಿದರೂ ಬಿಡದೆ ಪೂರ್ತಿ ಕೇಳಿಸಿದೆ.

ಸಭೆಯಲ್ಲಿ ದನಿ ಏರಿಸಿ ಓದಿದೆ. ಹೆಸರು ಕೊನೆಗೆ ಬಂದರೆ ಗತ್ತು ಎಂದು ಹಿಡಿದಿಟ್ಟುಕೊಂಡಿದ್ದೆ. ಮುಂದಿನ ಸಾಲಿನಲ್ಲಿ ಮಗಳು ಸುಮಾಳ ಜೊತೆ ಕೂತಿದ್ದ ಮಹಾನಂದಾ ತಿರುತಿರುಗಿ ಹಿಂದೆ ನೋಡುತ್ತಿದ್ದಳು. ಇಷ್ಟೆಲ್ಲ ಮಾಡಿದ ದೊಡ್ಡ ಹೆಣ್ಣುಮಗಳು ಯಾರೆಂದು ಹುಡುಕುತ್ತಿದ್ದಳು! ನಾನು ಹೆಸರು ಹೇಳುವ ಮೊದಲೇ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದಳು.

ಹೆಸರು ಹೇಳಿದೆ. ಅವಳು ಏಳಲಿಲ್ಲ.

“ಏಳಬೇ ಯವ್ವಾ, ನಿಂದಾ ಅದು” ಎಂದು ಮಗಳು ತಿವಿದಳು.

ಸಭೆ ಗೊಳ್ಳೆಂದು ನಕ್ಕಿತು. ತನಗೆ ತಾನೇ ಚಪ್ಪಾಳೆ ತಟ್ಟಿಕೊಂಡವಳೆಂದು ಹಿಂದಿನ ಸಾಲಿನವರು ಆಡಿಕೊಂಡರು. ಅವಳು ತಲೆ ತಗ್ಗಿಸಿ ವೇದಿಕೆ ಹತ್ತಿದಳು. ಬದುಕಿನಲ್ಲಿ ಒಮ್ಮೆ ಬಂದ ಮರ್ಯಾದೆಯನ್ನು ನಾನೇ ನಗೆಪಾಟಲು ಮಾಡಿದ್ದೆ. ಕೈಯಲ್ಲಿದ್ದ ಹಾಳೆಯನ್ನು ಮಡಚಿ ಜೇಬಿಗೆ ತುರುಕಿದೆ.

ಶಾಲು ಹೊದಿಸಿಕೊಂಡು ಇಳಿಯುವಾಗ ನನ್ನೆದುರು ನಿಂತಳು. ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಮೆಲ್ಲಗೆ ಕೇಳಿದಳು:

“ನಾ ಕೂಲಿ ಮಾಡೀನಿ ಅಂತ ನಾಕು ಮಂದಿ ಮುಂದ ಹೇಳಾಕ ನಿಮಗ ನಾಚಿಕಿ ಬಂತೇನ್ರಿ ಮಾಸ್ತರ? ನನಗ ಒಂದಿನಾನೂ ಬಂದಿದ್ದಿಲ್ಲ. ಇವತ್ತ ಬಂತು ನೋಡ್ರಿ.”