ಬಡಿದು ಹಳೆಯದು ಮಾಡಿದ ಸೀರೆಗಳು

ನಮ್ಮ ಮನೆತನದಲ್ಲಿ ಸತ್ತ ಹೆಂಗಸಿನ ಸೀರೆಗಳನ್ನು ಒಗೆದು, ಪದರ ಪದರವಾಗಿ ಹಾಸಿ, ದಪ್ಪ ದಾರದಲ್ಲಿ ಹೊಲಿದು ಕೌದಿ ಮಾಡುತ್ತಿದ್ದರು. ಅದನ್ನು ಹೊದ್ದವರ ಮೈಯನ್ನು ಸತ್ತವಳು ಬಂದು ಸವರುತ್ತಾಳೆ ಎಂಬ ನಂಬಿಕೆ. ಕೊನೆಯ ಮೂಲೆ ಮುಚ್ಚುವ ಮುಂಚೆ ಒಳಗೊಂದು ಚೂರು ಹೋಳಿಗೆ ಇಡಬೇಕು, ಕೌದಿ ಹಸಿದಿರಬಾರದು. ನಗುವವರು ನಗಲಿ, ನಾನೂ ನಗುತ್ತಿದ್ದೆ.

ಎಪ್ಪತ್ತರ ದಶಕದಲ್ಲಿ ನ್ಯಾಮತಿಯ ನಮ್ಮ ಮನೆಯಲ್ಲಿ ಅಪ್ಪನ ತಾಯಿ, ಅಂದರೆ ನಮ್ಮಜ್ಜಿ, ತೀರಿಕೊಂಡಳು. ಕೆಲವು ದಿನ ಕಳೆದ ಮೇಲೆ ಹಳೇ ಬಟ್ಟೆಗೆ ಸ್ಟೀಲ್ ಪಾತ್ರೆ ಕೊಡುವವಳು ಬಾಗಿಲಿಗೆ ಬಂದಳು. ಅವ್ವ ಅಜ್ಜಿಯ ಟ್ರಂಕು ತೆಗೆದು, ಸೀರೆಗಳನ್ನೆಲ್ಲ ಅವಳ ಮುಂದೆ ಸುರಿದು, ಒಂದು ದೊಡ್ಡ ಬೋಗುಣಿ ತೆಗೆದುಕೊಂಡಳು. ಅವ್ವನಿಗೂ ಅಜ್ಜಿಗೂ ಅಷ್ಟಕ್ಕಷ್ಟೇ. ಹಿತ್ತಾಳೆ ಬಿಟ್ಟು ಬೇರೆ ಪಾತ್ರೆಯನ್ನು ಒಳಗೆ ಬಿಡದ ಮುದುಕಿಯ ಸೀರೆಗೇ ಸ್ಟೀಲ್ ಬಂತಲ್ಲ ಎಂದು ಅವ್ವನಿಗೆ ಒಳಗೊಳಗೇ ಖುಷಿ. ಎಸ್ಸೆಸ್ಸೆಲ್ಸಿ ಮುಗಿಸಿ ಮನೆಯಲ್ಲಿದ್ದ ನನಗೂ ಖುಷಿಯೇ.

ಮರುವಾರ ಅಪ್ಪನ ತಂಗಿ, ನಮ್ಮ ಜಗಳೂರತ್ತೆ, ಬಸ್ಸಿಳಿದು ಬಂದಳು. ಹಿಂದೆ ಹುಟ್ಟಿದ ಎರಡು ಕೂಸುಗಳೂ ಉಳಿದಿರಲಿಲ್ಲ. ಈಗ ಮತ್ತೆ ತುಂಬಿದ ಬಸುರಿ.

"ಅತ್ತಿಗೆ, ಅವ್ವನ ಸೀರೆ ಕೊಡ್ರಿ, ಕೌದಿ ಹೊಲಿಯಾಕೆ ಬಂದೀನಿ," ಅಂದಳು. "ಈ ಕೂಸನ್ನ ಅವ್ವನ ಮೇಲೇ ಮಲಗಿಸ್ತೀನಿ. ಇದನ್ನಾದ್ರೂ ಆಕೆ ಕಾಯ್ತಾಳೆ."

ಅವ್ವ ಹಾಸಿಗೆ ಬಿಚ್ಚಿ ಹಾಸಿದಳು. "ಒಗೆದು ಕೊಡ್ತೀನಿ, ಮಲಕ್ಕೋ ತಾಯಿ," ಎಂದಷ್ಟೇ ಹೇಳಿದಳು.

ಅಜ್ಜಿ ಹೊನ್ನಾಳಿಯ ಅಂಗಡಿಯಿಂದ ಸೀರೆ ತಂದರೆ ಜೋಡಿಯೇ ತರುತ್ತಿದ್ದಳು. ಸೊಸೆಗೆ ಕಳಪೆ ಕೊಟ್ಟಳೆಂದು ಜನ ಆಡಬಾರದಲ್ಲ! ಹಾಗಾಗಿ ಅಜ್ಜಿಯ ಒಂದೊಂದು ಸೀರೆಗೂ ಸರಿಜೋಡಿ ಅವ್ವನ ಪೆಟ್ಟಿಗೆಯಲ್ಲಿತ್ತು. ಆದರೆ ಅವ್ವ ಹಬ್ಬಕ್ಕೆ ಮಾತ್ರ ಉಡುತ್ತಿದ್ದ ಆ ಸೀರೆಗಳು ಇನ್ನೂ ಗರಿಗರಿ. ಬೆಳಿಗ್ಗೆ ಅವನ್ನು ಸೋಡಾ ಹಾಕಿ ಕುದಿಸಿ, ಹಳ್ಳಕ್ಕೆ ಒಯ್ದು, ಇಬ್ಬರೂ ಕಲ್ಲಿಗೆ ಬಡಿದೆವು. ಬಣ್ಣ ಹೋಗಲಿ, ನೂಲು ಸಡಿಲಾಗಲಿ ಎಂದು ರಟ್ಟೆ ಬಿದ್ದುಹೋಗುವಷ್ಟು ಬಡಿದೆವು. ಒಣಗಿಸಿ ಅಜ್ಜಿಯ ಖಾಲಿ ಟ್ರಂಕಿನಲ್ಲಿಟ್ಟು, ಅವಳ ವಾಸನೆ ಬರಲೆಂದು ವಿಭೂತಿ ಉಜ್ಜಿ, ಅವಳು ಎಲೆಅಡಿಕೆಗೆ ಹಾಕಿಕೊಳ್ಳುತ್ತಿದ್ದ ಕಡ್ಡಿಪುಡಿ ಉದುರಿಸಿದೆವು. ನನಗೆ ಅಳು ಬರುತ್ತಿತ್ತು.

ಜಗಳೂರತ್ತೆ ಸೀರೆಯಲ್ಲಿ ಮುಖ ಹುದುಗಿಸಿ, "ಅವ್ವನ ವಾಸನೆ ಹಂಗೇ ಐತೆ," ಎಂದು ಬಿಕ್ಕಿದಳು. ಹೋಳಿಗೆ ಚೂರನ್ನು ಅವ್ವನ ಕೈಯಿಂದಲೇ ಇಡಿಸಿದಳು.

ಮಗು ಉಳಿಯಿತು. ಹೆಣ್ಣು, ಗುಂಡು ಗುಂಡಗೆ ಬೆಳೆಯಿತು. ಜಗಳೂರತ್ತೆ ಬಂದಾಗಲೆಲ್ಲ, ನಮ್ಮತ್ತಿಗೆ ಸೀರೆ ಕಾಪಾಡದಿದ್ದರೆ ಈ ಕೂಸೆಲ್ಲಿ ಎಂದು ಬೀದಿಗೆಲ್ಲ ಕೇಳುವಂತೆ ಹೊಗಳುತ್ತಿದ್ದಳು. ಹೊಗಳಿಕೆ ಶುರುವಾದರೆ ಅವ್ವನಿಗೆ ಒಲೆಯ ಹತ್ತಿರ ಏನೋ ಕೆಲಸ ನೆನಪಾಗುತ್ತಿತ್ತು. ಬೋಗುಣಿ ಅಟ್ಟ ಸೇರಿತ್ತು, ಅದರಲ್ಲಿ ಒಂದು ದಿನವೂ ಅನ್ನ ಮಾಡಲಿಲ್ಲ.

ಎಂಬತ್ತರ ದಶಕದಲ್ಲಿ ನಾನು ಚನ್ನಗಿರಿಯ ಗಂಡನ ಮನೆಯಿಂದ ತವರಿಗೆ ಬಂದಿದ್ದಾಗ ಜಗಳೂರತ್ತೆ ಆ ಕೌದಿಯನ್ನು ರಿಪೇರಿಗೆ ತಂದಳು. ಅಂಚು ಹರಿದಿತ್ತು. "ಅತ್ತಿಗೆ, ನಿಮ್ದೂ ಒಂದು ಸೀರೆ ತುಂಡು ಹಚ್ರಿ. ಅವ್ವನ ಜತೆ ನೀವೂ ಇರ್ರಿ ಇದರಾಗೆ," ಅಂದಳು.

ಅವ್ವನಿಗೆ ತಡೆಯಲಾಗಲಿಲ್ಲ. "ಅವು ನಿಮ್ಮವ್ವನ ಸೀರೆ ಅಲ್ಲ ಕಣೇ, ನಂದು. ಆಕೆಯವನ್ನ ನಾನು ಬೋಗುಣಿಗೆ ಕೊಟ್ಟುಬಿಟ್ಟೆ," ಎಂದು ನೆಲ ನೋಡುತ್ತ ಎಲ್ಲವನ್ನೂ ಹೇಳಿದಳು. ನಾನೂ ಜತೆಗೆ ಬಡಿದೆ ಅಂದೆ.

ಜಗಳೂರತ್ತೆ ಬೈದಿದ್ದರೆ ಚೆನ್ನಾಗಿತ್ತು. ಮಡಿಲಲ್ಲಿದ್ದ ಕೌದಿಯನ್ನು ಬಹಳ ಹೊತ್ತು ಸವರಿದಳು. "ಇಷ್ಟು ವರ್ಷ ದಿನಾ ರಾತ್ರಿ ಅವ್ವ ಬರ್ತಿದ್ಲು ಅತ್ತಿಗೆ," ಅಂದಳು. "ಇನ್ನೊಂದಿಷ್ಟು ದಿನ ಸುಮ್ಮನಿರಾಕೆ ಆಗ್ತಿರಲಿಲ್ವಾ ನಿಮಗೆ?"

ಅವ್ವನ ಎದೆ ಹಗುರಾಗಲೆಂದು ಅಜ್ಜಿಯನ್ನು ನಾವು ಎರಡನೇ ಸಲ ಸಾಯಿಸಿದ್ದೆವು. ಹಗುರವೂ ಆಗಲಿಲ್ಲ. ಜಗಳೂರತ್ತೆ ಊಟ ಮಾಡಿ, ಎಲ್ಲರಿಗೂ ಹೇಳಿಯೇ ಮಧ್ಯಾಹ್ನದ ಬಸ್ಸು ಹತ್ತಿದಳು. ಕೌದಿಯನ್ನು ಮಡಿಸಿ ಅವ್ವನ ಹಾಸಿಗೆಯ ಮೇಲಿಟ್ಟು ಹೋಗಿದ್ದಳು.