ಬೂಷ್ಟಿನ ಸೂಜಿ

ಪೆನಿಸಿಲಿನ್ ಕಂಡುಹಿಡಿದ ಆ ವಿಲಾಯತಿ ಡಾಕ್ಟರು ಏನನ್ನೂ ಹುಡುಕಿರಲಿಲ್ಲ. ತಟ್ಟೆ ತೊಳೆಯದೆ ರಜೆಗೆ ಹೋದರು, ಬಂದು ನೋಡಿದರೆ ಬೂಷ್ಟು ಬೆಳೆದಿತ್ತು, ಅದರ ಸುತ್ತ ರೋಗದ ಕ್ರಿಮಿ ಸತ್ತಿದ್ದವು. ಅಷ್ಟೇ. ನಾನು ಹಾಗೆ ಪಾತ್ರೆ ಬಿಟ್ಟು ಹೋಗಿದ್ದರೆ ನಮ್ಮ ಅತ್ತೆ ಬೇರೆಯದೇ ಬಹುಮಾನ ಕೊಡುತ್ತಿದ್ದರು.

ಮೊಮ್ಮಗಳು ನಿನ್ನೆ ಸಂಜೆ ಈ ಪಾಠ ಓದುವಾಗ ನಾನು ಬಿಬವೇವಾಡಿಯ ನಮ್ಮ ಅಡುಗೆಮನೆಯಲ್ಲಿ ನಿಂಬೆ ಉಪ್ಪಿನಕಾಯಿಯ ಭರಣಿ ತೆರೆದಿದ್ದೆ. ಮೇಲೆಲ್ಲ ಹಸಿರು ಬೂಷ್ಟು. ಮೂಗಿಗೆ ಬಡಿದದ್ದು ಮಾತ್ರ ನನ್ನ ಗಂಡನ ಅಂಗಿಯ ವಾಸನೆ.

ಅವರು ಪೆನಿಸಿಲಿನ್ ಕಾರ್ಖಾನೆಯಲ್ಲಿದ್ದರು. ನಾವು ಹೆಂಗಸರು ಕೆರೆದು ಬಿಸಾಡುವ ಬೂಷ್ಟಿಗೆ ಅಲ್ಲಿ ದೊಡ್ಡ ದೊಡ್ಡ ತೊಟ್ಟಿಗಳಲ್ಲಿ ಗಾಳಿ ಊದಿ, ಉಣಿಸಿ, ಬಾಣಂತನ ಮಾಡುತ್ತಿದ್ದರು. ತಟ್ಟೆಯಲ್ಲಿ ಬಿದ್ದ ಚೂರನ್ನು ಲೋಕಕ್ಕೆಲ್ಲ ಸಾಲುವಷ್ಟು ಬೆಳೆಸಲು ಎಷ್ಟೋ ಜನ ವರ್ಷಗಟ್ಟಲೆ ಹೆಣಗಿದರಂತೆ. ಪಾಠದಲ್ಲಿ ಅದು ಒಂದೇ ಸಾಲು. ಅತ್ತೆಗೆ ಅದೆಲ್ಲ ಬೇಡ. ಮಗ ಹಿತ್ತಲಲ್ಲಿ ಸ್ನಾನ ಮಾಡಿಯೇ ಒಳಗೆ ಬರಬೇಕು. ಅವನ ಅಂಗಿ ಗೋಡೆಯಾಚೆ, ಬೇರೆ ಹಗ್ಗದ ಮೇಲೆ.

ಆಗ ನನ್ನ ಮಗಳು ಶೋಭಾ, ಅಂದರೆ ಈ ಹುಡುಗಿಯ ತಾಯಿ, ತೊದಲು ಮಾತಿನ ಕೂಸು. ನ್ಯುಮೋನಿಯಾ ಆಯಿತು. ಪಕ್ಕೆ ಎಳೆದುಕೊಂಡು ಉಸಿರಾಡುತ್ತಿತ್ತು, ಹಾಲು ಮುಟ್ಟಲಿಲ್ಲ. ಮನೆಗೆ ಬಂದ ನಮ್ಮ ಕಡೆಯ ಡಾಕ್ಟರು ಪೆನಿಸಿಲಿನ್ ಎಂದರು. ಕೆಲವರಿಗೆ ಅದು ಒಗ್ಗುವುದಿಲ್ಲವಂತೆ. ಮೊದಲು ತೋಳಿಗೆ ಚೂರು ಚುಚ್ಚಿ, ಉಬ್ಬುತ್ತದೆಯೇ ನೋಡಬೇಕು.

ಅತ್ತೆ ಕೂಸಿಗೆ ಅಡ್ಡ ಕುಳಿತರು. “ಕೊಳೆತದ್ದು ಕೂಸಿನ ಮೈಯಾಗ ಹಾಕ್ತೀರೇನ್ರಿ?”

“ಹೊತ್ತಿಲ್ಲ ಅಜ್ಜಿ. ಪರೀಕ್ಷಾ ಮಾಡೇ ಕೊಡ್ತೀನ್ರಿ.”

ಅತ್ತೆ ಸೆರಗು ಸರಿಸಿ ತಮ್ಮ ಒಣಗಿದ ತೋಳು ಚಾಚಿದರು. “ಹಂಗಾರ ನನಗ ಚುಚ್ಚ್ರಿ. ಸತ್ರ ನಾ ಸಾಯ್ತೀನಿ.”

“ನಿಮಗ ಒಗ್ಗಿದ್ರ ಕೂಸಿಗೂ ಒಗ್ಗತದ ಅಂತಿಲ್ರಿ.”

“ಯಾಕ? ನನ್ನ ರಕ್ತನ ಅಲ್ಲೇನ್ರಿ ಅದು?”

ಡಾಕ್ಟರು ನನ್ನ ಮುಖ ನೋಡಿದರು. ನಾನು ಅತ್ತೆಯ ತೋಳನ್ನು ಮಡಚಿ ಬದಿಗಿಟ್ಟು, ಕೂಸಿನ ತೋಳು ಹಿಡಿದು “ಇಲ್ಲಿ ಚುಚ್ಚ್ರಿ” ಅಂದೆ. ಅತ್ತೆ ಸೂಜಿಯ ಆ ಪುಟ್ಟ ಗುರುತು ಕೆಂಪಾಗಿ ಉಬ್ಬೀತೇ ಎಂದು ನನಗಿಂತ ಹತ್ತಿರ ಬಾಗಿ ಕಾಯುತ್ತ ಕುಳಿತರು. ಉಬ್ಬಲಿಲ್ಲ. ಪೂರ್ತಿ ಸೂಜಿ ಬಿತ್ತು, ಮುಂದೆಯೂ ದಿನಾ ಬಿತ್ತು. ಒಂದು ಸಂಜೆ ಕೂಸು ಜ್ವರ ಬಿಟ್ಟು ಬೆವೆತು, ಎಚ್ಚರಾಗಿ, ಹಾಲಿಗಾಗಿ ರಂಪ ಮಾಡಿತು.

ನಾನು ಇದನ್ನೆಲ್ಲ ಹೇಳುತ್ತಿದ್ದಂತೆ ಮೊಮ್ಮಗಳು ಪುಸ್ತಕ ಬಿಟ್ಟು ನನ್ನ ಪಕ್ಕ ಬಂದು ನಿಂತಳು. ಚೆಲ್ಲುವ ಮೊದಲು ಇಬ್ಬರೂ ಭರಣಿಯೊಳಗೆ ಇಣುಕಿದೆವು. ಈ ವಯಸ್ಸಿನವರೆಗೆ ನಾನು ಬೂಷ್ಟನ್ನು ನಿಂತು ನೋಡಿದವಳಲ್ಲ.

“ಆಮ್ಯಾಲೆ ನೀ ಏನ್ ಮಾಡಿದಿ, ಅಜ್ಜಿ?”

“ಏನ್ ಮಾಡೋದವಾ? ಅರಿವಿ ಒಗದೆ.”

ಕೂಸು ಹಾಲು ಕೇಳಿದ ಮರುದಿನ ಬೆಳಿಗ್ಗೆ ಗಂಡನ ಕಾರ್ಖಾನೆ ಅಂಗಿಯನ್ನು ಒಗೆದು, ಅಂಗಳದ ಹಗ್ಗದ ಮೇಲೆ, ಅತ್ತೆಯ ಮಡಿಸೀರೆಗೆ ತಾಗುವಂತೆ ಒಣಹಾಕಿದೆ.